ಅಕ್ಕನ ಷಡ್ಜ

ಧಾರವಾಡದ ಮಾಳಮಡ್ಡಿಯಲ್ಲಿ, ಶನಿವಾರ ಸಂಜೆ ನಮ್ಮ ಓಣಿಯವರೆಲ್ಲ ಕೂಡಿ ಭಜನೆ ಮಾಡುವ ರೂಢಿಯುಂಟು. ಮುಂದಿನ ಸಾಲಿನಲ್ಲಿ ಹುಡುಗರು, ಅವರ ಹಿಂದೆ ಹೆಂಗಸರು, ಕೊನೆಗೆ ಗೋಡೆಗೆ ಒರಗಿಕೊಂಡು ನಮ್ಮಂಥ ಪಿಂಚಣಿದಾರರು. ಪೇಟಿಯವರು ಒಂದು ಪಟ್ಟಿಯನ್ನು ಒತ್ತಿ ಸ್ವರ ಕೊಡುತ್ತಾರೆ; ಎಲ್ಲರೂ ಆ ಸ್ವರವನ್ನು ಹಿಡಿದು ಹಾಡತೊಡಗುತ್ತಾರೆ. ನನ್ನ ಪಕ್ಕದಲ್ಲಿ ಕೂಡುವ ಹಿರಿಯರೊಬ್ಬರ ದನಿ ಬೀಸುಕಲ್ಲಿನಂಥದು. ಮುಂದಿನ ಸಾಲಿನ ಹುಡುಗಿಯ ದನಿ ಬೆಳ್ಳಿಯ ಗಂಟೆಯಂಥದು. ಇಬ್ಬರೂ 'ಒಂದೇ ಸ್ವರ'ದಲ್ಲಿ ಹಾಡುತ್ತಿದ್ದಾರೆಂದು ನಾವೆಲ್ಲ ತಿಳಿದಿದ್ದೇವೆ. ಅದರ ಬಗ್ಗೆ ಈ ತನಕ ಯಾರೂ ತಕರಾರು ತೆಗೆದಿಲ್ಲ.

ಆದರೆ ನಾನು ಮೂವತ್ತು ವರ್ಷ ಗಣಿತ ಕಲಿಸಿದ ಮಾಸ್ತರ. 'ಒಂದೇ' ಎಂಬ ಮಾತನ್ನು ಕೇಳಿದರೆ ನನಗೆ ಸಂಶಯ ಬರುತ್ತದೆ. ಅಳೆದು ನೋಡಿದರೆ ಆ ಹುಡುಗಿಯ ದನಿ ಸೆಕೆಂಡಿಗೆ ೪೮೦ ಸಲ ಕಂಪಿಸುತ್ತಿರುವಾಗ ಹೆಂಗಸರದು ೨೪೦ ಸಲ, ನನ್ನ ಪಕ್ಕದ ಹಿರಿಯರದು ೧೨೦ ಸಲ ಕಂಪಿಸುತ್ತಿರಬಹುದು. ನೂರಿಪ್ಪತ್ತಕ್ಕೂ ನಾನೂರೆಂಬತ್ತಕ್ಕೂ ನಡುವೆ ಇರುವ ಅಂತರ ಸಣ್ಣದೇನಲ್ಲ. ಸಂತೆಯಲ್ಲಿ ಒಂದು ಸೇರು ಕೊಟ್ಟು 'ಇದೂ ನಾಲ್ಕು ಸೇರೂ ಒಂದೇ' ಎಂದವನನ್ನು ನಾವು ಸುಮ್ಮನೆ ಬಿಡುತ್ತೇವೆಯೆ? ಆದರೂ ಕಿವಿ ಇಲ್ಲಿ ಸುಮ್ಮನೆ ಬಿಡುತ್ತದೆ. ಬಿಡುವುದಷ್ಟೇ ಅಲ್ಲ, ಮೂರಕ್ಕೂ 'ಷಡ್ಜ' ಎಂದು ಒಂದೇ ಹೆಸರಿಟ್ಟು ಸಂತೋಷಪಡುತ್ತದೆ.

ನಮ್ಮ ಹಿರಿಯರು ಇದನ್ನು ಬಹಳ ಹಿಂದೆಯೇ ಗಮನಿಸಿದ್ದರು. ಎದೆಯಲ್ಲಿ ಮಂದ್ರ, ಕಂಠದಲ್ಲಿ ಮಧ್ಯ, ಶಿರದಲ್ಲಿ ತಾರ ಎಂದು ಮೂರು ಸ್ಥಾನಗಳನ್ನು ಹೇಳಿದರು. ಸ್ವರಗಳ ಹೆಸರು ಮಾತ್ರ ಏಳೇ. ಕಂಪನದ ಎಣಿಕೆ ಎರಡು ಪಟ್ಟಾದ ಕೂಡಲೆ ಹಳೆಯ ಹೆಸರು ಮರಳಿ ಬರುತ್ತದೆ. ವಾರದ ಏಳು ದಿನ ಮುಗಿದ ಮೇಲೆ ಮತ್ತೆ ಭಾನುವಾರ ಬಂದಂತೆ. ಭಾನುವಾರ ಹೊಸದು, ಹೆಸರು ಹಳೆಯದು. ಇಪ್ಪತ್ತನೆಯ ಶತಮಾನದಲ್ಲಿ ಪಶ್ಚಿಮದ ಸಂಗೀತಶಾಸ್ತ್ರಜ್ಞರು ಇದಕ್ಕೆ 'ಪಿಚ್ ಕ್ಲಾಸ್' ಎಂದು ಹೆಸರು ಕೊಟ್ಟರು. ಸ್ವರವರ್ಗವೆಂದರೆ ಆದೀತು. ಎತ್ತರ ಬೇರೆಯಾದರೂ ಕುಲ ಒಂದೇ ಎಂಬುದು ಅದರ ತಾತ್ಪರ್ಯ.

ಈ ಕುಲವನ್ನು ಕಟ್ಟಿದ್ದು ಪ್ರಕೃತಿಯೋ ನಾವೋ ಎಂಬುದು ಬೇರೆ ಪ್ರಶ್ನೆ. ಬೊಲಿವಿಯಾ ದೇಶದ ಕಾಡುಗಳಲ್ಲಿ ತ್ಸಿಮಾನೆ ಎಂಬ ಜನರಿದ್ದಾರೆ. ಅವರ ಗಂಟಲಿಗೆ ನಿಲುಕದ ಎತ್ತರದ ಸ್ವರಗಳನ್ನು ಕೇಳಿಸಿ, 'ಇದನ್ನು ನಿಮ್ಮ ದನಿಯಲ್ಲಿ ಹಾಡಿ' ಎಂದು ಸಂಶೋಧಕರು ಕೇಳಿಕೊಂಡರು. ಅಮೆರಿಕದವರು, ಅದರಲ್ಲೂ ಸಂಗೀತ ಕಲಿತವರು, ಅದೇ ಹೆಸರಿನ ಸ್ವರವನ್ನು ತಮ್ಮ ಸ್ಥಾಯಿಗೆ ಇಳಿಸಿಕೊಂಡು ಹಾಡಿದರು. ತ್ಸಿಮಾನೆಗಳು ಸ್ವರಗಳ ಏರಿಳಿತವನ್ನು ತೋರಿಸಿದರೇ ಹೊರತು ಅದೇ ಕುಲದ ಸ್ವರಕ್ಕೆ ಬಂದು ನಿಲ್ಲಲಿಲ್ಲ. ಇದು ಪ್ರಕಟವಾದದ್ದು ೨೦೧೯ರಲ್ಲಿ. ಎರಡು ಪಟ್ಟಿನ ಸಂಬಂಧ ಪ್ರಕೃತಿಯಲ್ಲಿದೆ, ನಿಜ. ಆದರೆ ಅದನ್ನು 'ಒಂದೇ' ಎಂದು ಗುರುತಿಸಲು ಯಾರಾದರೂ ಕಲಿಯಬೇಕು, ಕಲಿಸಬೇಕು. ಈ ಮಾತನ್ನು ಓದುಗರು ಸ್ವಲ್ಪ ನೆನಪಿನಲ್ಲಿಟ್ಟುಕೊಳ್ಳಬೇಕೆಂದು ವಿನಂತಿ.

ಇನ್ನೊಂದು ಸಂಗತಿ. ನಮ್ಮ ಷಡ್ಜಕ್ಕೆ ಊರೂ ಇಲ್ಲ, ಮನೆಯೂ ಇಲ್ಲ. ಪಶ್ಚಿಮದವರು ೧೯೩೯ರಲ್ಲಿ ಲಂಡನ್ನಿನಲ್ಲಿ ಸಭೆ ಸೇರಿ, ವಾದ್ಯಮೇಳದ 'ಎ' ಸ್ವರವು ಸೆಕೆಂಡಿಗೆ ೪೪೦ ಕಂಪನಗಳದ್ದಾಗಿರಬೇಕೆಂದು ಗೊತ್ತುಪಡಿಸಿಕೊಂಡರು. ನಮ್ಮಲ್ಲಿ ಹಾಗಿಲ್ಲ. ಗಾಯಕ ವೇದಿಕೆಯೇರಿ 'ಕರಿ ಒಂದು' ಎನ್ನುತ್ತಾನೆ. ಅವನಿಗೆ ಅದೇ ಷಡ್ಜ. ಗಾಯಕಿ 'ಕರಿ ನಾಲ್ಕು' ಎನ್ನುತ್ತಾಳೆ; ಅವಳಿಗೆ ಅದು. ತಂಬೂರಿ ಅವರವರಿಗೆ ಬೇಕಾದಂತೆ ಕೂಡಿಕೊಳ್ಳುತ್ತದೆ. ಪರರ ಷಡ್ಜದಲ್ಲಿ ಹಾಡೆಂದು ಯಾರೂ ಯಾರನ್ನೂ ಬಲಾತ್ಕರಿಸುವುದಿಲ್ಲ.

ಇದನ್ನು ಕೇಳಿ ಕೆಲವರು ಹಿಗ್ಗುತ್ತಾರೆ. ಈಚೆಗೆ ಯಾವ ವಾದವೇ ನಡೆಯಲಿ, ಅದರ ಕೊನೆಗೆ ಒಂದು ಮಾತು ಬರುತ್ತದೆ: 'ಅದು ನಿಮ್ಮ ಸತ್ಯ, ಇದು ನನ್ನ ಸತ್ಯ.' ಆ ಮಾತಿಗೆ ಸಂಗೀತದ ಸಾಕ್ಷಿ ಸಿಕ್ಕಿತೆಂದು ಅವರ ಎಣಿಕೆ. ಆದರೆ ಈ ಸಾಕ್ಷಿ ಅವರ ಪರವಾಗಿ ನುಡಿಯುವುದಿಲ್ಲ. ಷಡ್ಜವನ್ನು ಎಲ್ಲಿ ಬೇಕಾದರೂ ಇಟ್ಟುಕೊಳ್ಳಿ. ಒಮ್ಮೆ ಇಟ್ಟ ಮೇಲೆ ಉಳಿದದ್ದು ನಿಮ್ಮ ಇಚ್ಛೆಯಲ್ಲ. ೨೪೦ಕ್ಕೆ ಷಡ್ಜವಿಟ್ಟರೆ ಶುದ್ಧ ಗಾಂಧಾರ ೩೦೦ಕ್ಕೆ, ಮಧ್ಯಮ ೩೨೦ಕ್ಕೆ, ಪಂಚಮ ೩೬೦ಕ್ಕೆ ಬಂದು ನಿಲ್ಲಲೇಬೇಕು. 'ನನ್ನ ಪಂಚಮ ೩೫೦' ಎಂದರೆ ಅದು ಸ್ವಾತಂತ್ರ್ಯವಲ್ಲ, ಬೇಸೂರು. ಆಯ್ಕೆ ಒಂದು ಕಡೆ ಮಾತ್ರ. ಅಲ್ಲಿಂದ ಮುಂದೆ ಬರಿಯ ನಿಷ್ಠೆ. ಮನುಷ್ಯ ತನ್ನ ಬಾಳಿಗೆ ಯಾವುದನ್ನು ಆಧಾರವೆಂದು ಇಟ್ಟುಕೊಳ್ಳುವನೋ ಅದನ್ನು ನಾವು ಬಹುಮಟ್ಟಿಗೆ ಅವನಿಗೇ ಬಿಡಬಹುದು; ಅದಕ್ಕೆ ಹೊಂದುವಂತೆ ನಡೆದನೇ ಎಂದು ಕೇಳುವ ಹಕ್ಕು ಮಾತ್ರ ಎಲ್ಲರಿಗೂ ಇದೆ.

ಇಷ್ಟನ್ನು ನಾನು ಬಹಳ ದಿನಗಳಿಂದ ತಿಳಿದವನಂತೆ ಹೇಳುತ್ತ ಬಂದಿದ್ದೆ. ನಾಲ್ಕು ವರ್ಷಗಳ ಹಿಂದೆ ನಮ್ಮ ಅಕ್ಕನ ದನಿ ಹೋಯಿತು. ಆಗ ನನ್ನ ತಿಳಿವಳಿಕೆಯ ಆಳ ಎಷ್ಟೆಂಬುದು ಗೊತ್ತಾಯಿತು.

ದನಿ ಹೋಯಿತೆಂದರೆ ಪೂರ್ತಿ ಹೋಗಲಿಲ್ಲ. ಗಂಟಲಿನ ಗ್ರಂಥಿಗೆ ಶಸ್ತ್ರಕ್ರಿಯೆಯಾಯಿತು. ಮಾಡಲೇಬೇಕಾಗಿದ್ದ ಶಸ್ತ್ರಕ್ರಿಯೆ, ಯಾರ ತಪ್ಪೂ ಅದರಲ್ಲಿಲ್ಲ. ಆಗ ಅವಳಿಗೆ ಅರವತ್ತೆಂಟು. ಗಾಯ ಮಾಯಿತು, ಮಾತು ಮರಳಿತು. ಆದರೆ ಎತ್ತರದ ಸ್ವರಗಳು ಮರಳಲಿಲ್ಲ. ಐವತ್ತು ವರ್ಷ ಅವಳು ಕರಿ ಐದರಲ್ಲಿ ಹಾಡಿದವಳು. ದೊಡ್ಡ ಕಚೇರಿಗಳ ಗಾಯಕಿಯಲ್ಲ. ನೆರೆಹೊರೆಯ ಮಕ್ಕಳಿಗೆ ಕಲಿಸುತ್ತ, ಗಣಪತಿ ಹಬ್ಬದಲ್ಲಿ, ಗುರುಪೂರ್ಣಿಮೆಯಲ್ಲಿ ಒಂದು ತಾಸು ಹಾಡುತ್ತ ಬಂದವಳು. ದಿನವೂ ಬೆಳಿಗ್ಗೆ ಐದಕ್ಕೆದ್ದು ಮಾತ್ರ ಹಾಡುತ್ತಿದ್ದಳು. ಶಸ್ತ್ರಕ್ರಿಯೆಯಾದ ಮೇಲೆ ಒಂದು ದಿನ ತಂಬೂರಿ ತೆಗೆದು ಕೂತಳು. ಪಂಚಮದ ತನಕ ಹೋಗಿ ದನಿ ನಿಂತಿತು. ಮತ್ತೊಮ್ಮೆ ಪ್ರಯತ್ನಿಸಿದಳು, ಗಾಳಿ ಮಾತ್ರ ಬಂತು. ತಂಬೂರಿಗೆ ಗವಸು ಹಾಕಿ ಮೂಲೆಗಿಟ್ಟಳು.

ನಾನು ಸಮಾಧಾನ ಹೇಳಲು ಹೋದೆ. ಹೇಗೆ? ಗಣಿತದಿಂದ! 'ಅಕ್ಕಾ, ನಿನ್ನ ದನಿ ಎಷ್ಟು ಇಳಿದಿದೆಯೋ ಷಡ್ಜವನ್ನೂ ಅಷ್ಟೇ ಇಳಿಸಿದರಾಯಿತು. ಕರಿ ಐದು ಬಿಟ್ಟು ಬಿಳಿ ನಾಲ್ಕಕ್ಕೆ ಬಾ. ಸ್ವರಸ್ವರಗಳ ಪ್ರಮಾಣವೇನೂ ಬದಲಾಗುವುದಿಲ್ಲ. ಗಾಂಧಾರ ಗಾಂಧಾರವೇ, ಪಂಚಮ ಪಂಚಮವೇ. ಹಾಡು ಇದ್ದಂತೆಯೇ ಇರುತ್ತದೆ' ಎಂದೆ. ಕಾಗದದ ಮೇಲೆ ಬರೆದೂ ತೋರಿಸಿದೆ.

ಅಕ್ಕ ಕಾಗದವನ್ನು ನೋಡಿದಳು. 'ನಿನ್ನ ಲೆಕ್ಕ ಬರೋಬರಿ ಅದನೋ ತಮ್ಮಾ,' ಎಂದಳು. 'ಆದ್ರ ನಾ ಏನು ಲೆಕ್ಕ ಹಾಡತಿದ್ನೇನು?'

ಅವಳು ಸಿಟ್ಟಿನಿಂದ ಹೇಳಲಿಲ್ಲ. ಆದ್ದರಿಂದಲೇ ನನಗೆ ಹೆಚ್ಚು ತಾಗಿತು. ಮನೆಗೆ ಬಂದು ಅದೇ ಲೆಕ್ಕವನ್ನು ಮತ್ತೆ ಮಾಡಿದೆ. ಕರಿ ಐದೆಂದರೆ ಸುಮಾರು ೨೩೩ ಕಂಪನ. ಬಿಳಿ ನಾಲ್ಕೆಂದರೆ ಸುಮಾರು ೧೭೫. ಅಂದರೆ ಮುಕ್ಕಾಲು ಪಾಲು. ಅವಳ ಹಿಂದಿನ ಮಂದ್ರ ಪಂಚಮವೇ ಇಂದಿನ ಷಡ್ಜ. ಹಿಂದೆ ಅವಳು ಏರುವಾಗ ನಡುದಾರಿಯಲ್ಲಿ ನಿಂತು ದಣಿವಾರಿಸಿಕೊಳ್ಳುತ್ತಿದ್ದ ಮಧ್ಯ ಪಂಚಮ, ೩೫೦ರ ಆಸುಪಾಸಿನದು, ಇಂದು ಅವಳ ತಾರ ಷಡ್ಜ. ಅಂದಿನ ವಿಶ್ರಾಂತಿಯ ಕಟ್ಟೆ ಇಂದಿನ ಶಿಖರ. ನಾನು 'ಏನೂ ಬದಲಾಗುವುದಿಲ್ಲ' ಎಂದಿದ್ದೆ. ಪ್ರಮಾಣ ಬದಲಾಗಿರಲಿಲ್ಲ, ಉಳಿದದ್ದೆಲ್ಲ ಬದಲಾಗಿತ್ತು.

ಇಂಥ ಸಂದರ್ಭದಲ್ಲಿ ನಮ್ಮ ಊರಿನವರಿಗೆ ನೆನಪಾಗುವ ಹೆಸರು ಒಂದೇ. ಗಂಗೂಬಾಯಿ ಹಾನಗಲ್ಲರು ೧೯೧೩ರಲ್ಲಿ ಹುಟ್ಟಿದ್ದು ಧಾರವಾಡದಲ್ಲಿ. ಬಾಳಿ ೨೦೦೯ರಲ್ಲಿ ತೀರಿಕೊಂಡದ್ದು ಹುಬ್ಬಳ್ಳಿಯಲ್ಲಿ. ಅವರ ಮೊದಲ ಕಾಲದ ಗ್ರಾಮಾಫೋನ್ ತಟ್ಟೆಗಳಲ್ಲಿ ಕೇಳುವುದು ತೆಳ್ಳನೆಯ, ಎತ್ತರದ ಹೆಣ್ಣುದನಿ. ಮುಂದೆ ಗಂಟಲಿನ ಬೇನೆಗೆ ಚಿಕಿತ್ಸೆಯಾದ ಮೇಲೆ ಆ ದನಿ ಇಳಿಯಿತು, ದಪ್ಪವಾಯಿತು. ಗಂಡಸಿನ ದನಿಯೆಂದು ಬಗೆದವರೂ ಉಂಟು. ಕುಂದಗೋಳದಲ್ಲಿ ಸವಾಯಿ ಗಂಧರ್ವರ ಮುಂದೆ ಕೂತು, ಹುಬ್ಬಳ್ಳಿಯಿಂದ ರೈಲಿನಲ್ಲಿ ಹೋಗಿಬಂದು ಕಲಿತ ವಿದ್ಯೆಯನ್ನು ಅವರು ಈ ಬೇರೆಯ ದನಿಯಲ್ಲಿಯೇ ಜಗತ್ತಿಗೆ ಕೇಳಿಸಿದರು. ಇಂದು ಗಂಗೂಬಾಯಿಯವರ ದನಿ ಎಂದರೆ ನಮ್ಮ ಕಿವಿಯಲ್ಲಿ ಮೊಳಗುವುದು ಈ ಎರಡನೆಯದೇ.

ಬಂದ ಬಂದವರೆಲ್ಲ ಅಕ್ಕನಿಗೆ ಈ ಕಥೆಯನ್ನು ಹೇಳಿದರು. ಅಕ್ಕ ತಲೆಯಾಡಿಸಿದಳು. ಎಲ್ಲರೂ ಹೋದ ಮೇಲೆ ನನಗೆ, 'ಆ ತಾಯಿ ದೊಡ್ಡಾಕಿ. ಆಕೀಗೆ ಮುಂದ ಐವತ್ತು ವರ್ಷ ಇದ್ವು. ನನಗ ಎಷ್ಟವ?' ಎಂದಳು. ಒಬ್ಬರ ಧೈರ್ಯ ಇನ್ನೊಬ್ಬರಿಗೆ ದೃಷ್ಟಾಂತವಾಗಬಹುದು, ಔಷಧವಾಗುವುದು ಅಪರೂಪ. ದೊಡ್ಡವರ ಹೆಸರನ್ನು ನೊಂದವರ ಮುಂದೆ ಹಿಡಿಯುವಾಗ ಸ್ವಲ್ಪ ತಡೆಯಬೇಕೆಂಬುದನ್ನು ಅಂದು ಕಲಿತೆ.

ತಂಬೂರಿಯೂ ನನ್ನ ಗಣಿತವನ್ನು ಒಪ್ಪಲಿಲ್ಲ. ಅಕ್ಕ ಒಳಗಿದ್ದಾಗ ಒಮ್ಮೆ ಅವಳ ತಂಬೂರಿಯ ಗವಸು ತೆಗೆದು, ಬಿರಡೆ ತಿರುಗಿಸಿ ಬಿಳಿ ನಾಲ್ಕಕ್ಕೆ ಇಳಿಸಲು ನೋಡಿದೆ. ತಂತಿಗಳು ಸಡಿಲಾಗಿ ಜೋಲು ಬಿದ್ದವು. ಕುದುರೆಯ ಮೇಲಿನ ದಾರದ ಎಳೆಯನ್ನು ಎಷ್ಟು ಸರಿಸಿದರೂ ಜವಾರಿ ತೆರೆಯಲಿಲ್ಲ. ಅದು ಮೀರಜಿನಲ್ಲಿ ಹೆಣ್ಣುದನಿಗೆಂದು ಮಾಡಿಸಿದ ಸಣ್ಣ ತಂಬೂರಿ. ತಗ್ಗಿನ ಷಡ್ಜಕ್ಕೆ ದಪ್ಪ ತಂತಿ ಬೇಕು, ಉದ್ದನೆಯ ದಂಡಿ ಬೇಕು, ದೊಡ್ಡ ಕುಂಬಳ ಬೇಕು. ಶಾಸ್ತ್ರದಲ್ಲಿ ಷಡ್ಜ ಎಲ್ಲಿ ಬೇಕಾದರೂ ಇರಬಹುದು, ಕಟ್ಟಿಗೆಯಲ್ಲಿ ಹಾಗಲ್ಲ. ಗಂಟಲೂ ಒಂದು ಕಟ್ಟಿಗೆಯೇ. ಅದು ಹುಟ್ಟಿದಂದಿನಿಂದ ಒಂದು ಎತ್ತರಕ್ಕೆ ಒಗ್ಗಿರುತ್ತದೆ. ತಂತಿಗಳನ್ನು ಮೊದಲಿನಂತೆ ಏರಿಸಿ, ಕಳ್ಳನಂತೆ ಗವಸು ಹಾಕಿ ಹೊರಗೆ ಬಂದೆ.

ನನ್ನ ಸಮಾಧಾನದಲ್ಲಿ ತಪ್ಪಿದ್ದೆಲ್ಲಿ? ಬಹಳ ಯೋಚಿಸಿದ ಮೇಲೆ ಅದು ಪೇಟಿಯ ಸಮಾಧಾನ ಎನಿಸಿತು. ಸ್ವಲ್ಪ ಬಿಡಿಸಿ ಹೇಳುತ್ತೇನೆ. ಒಂದು ಸ್ವರದಿಂದ ಅದರ ಪಂಚಮಕ್ಕೆ, ಅಲ್ಲಿಂದ ಅದರ ಪಂಚಮಕ್ಕೆ, ಹೀಗೆ ಹನ್ನೆರಡು ಹೆಜ್ಜೆ ಹೋದರೆ ಹೊರಟ ಸ್ವರದ ಕುಲಕ್ಕೇ, ಏಳು ಸಪ್ತಕ ಮೇಲೆ, ಮರಳಿ ಬರಬೇಕು. ಬರುವುದಿಲ್ಲ. ಏಳು ಸಪ್ತಕವೆಂದರೆ ೧೨೮ ಪಟ್ಟು. ಹನ್ನೆರಡು ಪಂಚಮಗಳೆಂದರೆ ಸುಮಾರು ೧೨೯.೭೫ ಪಟ್ಟು. ಚಕ್ರ ಕೂಡುವುದಿಲ್ಲ, ಒಂದು ಸಣ್ಣ ಸಂದು ಉಳಿಯುತ್ತದೆ. ಪೇಟಿ ಮಾಡಿದವರು ಏನು ಮಾಡಿದರೆಂದರೆ ಈ ಸಂದನ್ನು ಹನ್ನೆರಡೂ ಪಟ್ಟಿಗಳ ಮೇಲೆ ಸಮನಾಗಿ ಹಂಚಿಬಿಟ್ಟರು, ಕೂಡುಕುಟುಂಬದ ಸಾಲವನ್ನು ಹಂಚಿದ ಹಾಗೆ. ಷಡ್ಜ ೨೪೦ ಇದ್ದರೆ ಪೇಟಿಯ ಪಂಚಮ ೩೬೦ ಅಲ್ಲ, ಸುಮಾರು ೩೫೯.೬, ಇದು ಕಿವಿಗೆ ತಿಳಿಯದು. ಗಾಂಧಾರ ಮಾತ್ರ ೩೦೦ ಅಲ್ಲ, ಸುಮಾರು ೩೦೨.೪, ಪಳಗಿದ ಕಿವಿಗೆ ಇದು ಚುಚ್ಚುತ್ತದೆ.

ಈ ಚುಚ್ಚಿಗಾಗಿ ದೊಡ್ಡ ಜಗಳಗಳೇ ಆಗಿಹೋಗಿವೆ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಸಾಂಗಲಿಯ ಕೃ. ಬ. ದೇವಲರೂ ಕ್ಲೆಮೆಂಟ್ಸ್ ಎಂಬ ಆಂಗ್ಲ ಅಧಿಕಾರಿಯೂ ಇಪ್ಪತ್ತೆರಡು ಶ್ರುತಿಗಳನ್ನು ಅಳೆದು, ಅವನ್ನು ನುಡಿಸುವ ಶ್ರುತಿ ಹಾರ್ಮೋನಿಯಂ ಒಂದನ್ನು ರೂಪಿಸಲು ಶ್ರಮಿಸಿದರು. ಆ ಶೋಧದಲ್ಲಿ ತಮ್ಮ ಕಂಠದಿಂದ ನೆರವಾದವರು ನಮ್ಮ ಸವಾಯಿ ಗಂಧರ್ವರ ಗುರುಗಳಾದ ಅಬ್ದುಲ್ ಕರೀಂ ಖಾನರು. ೧೯೪೦ರಲ್ಲಿ ಆಕಾಶವಾಣಿ ಪೇಟಿಯನ್ನು ಹೊರಗೆ ಹಾಕಿತು. ೧೯೫೦ರಲ್ಲಿ ನಮ್ಮ ಧಾರವಾಡದ ನಿಲಯ ತೆರೆದಾಗಲೂ ಪೇಟಿಗೆ ಬಾಗಿಲು ಮುಚ್ಚಿತ್ತು. ಕೆಲವು ಕಟ್ಟಳೆಗಳೊಡನೆ ಅದನ್ನು ಒಳಗೆ ಬಿಡತೊಡಗಿದ್ದು ೧೯೭೧ರಲ್ಲಿ.

ನಾನು ಪೇಟಿಯನ್ನು ಬೈಯುವವನಲ್ಲ. ಹನ್ನೆರಡರಲ್ಲಿ ಯಾವ ಪಟ್ಟಿಯನ್ನು ಒತ್ತಿ 'ಇದೇ ಷಡ್ಜ' ಎಂದರೂ ಅದು ಮುನಿಯುವುದಿಲ್ಲ. ಎಲ್ಲರಿಗೂ ಸ್ವಲ್ಪ ಸ್ವಲ್ಪ ಸುಳ್ಳನ್ನು ಹಂಚಿ ಯಾರನ್ನೂ ಹೊರಗಿಡದೆ ನಡೆಸುವ ಅದರ ದೊಡ್ಡತನವಿಲ್ಲದಿದ್ದರೆ ನಮ್ಮ ಶನಿವಾರದ ಭಜನೆಯೂ ಇಲ್ಲ; ಬಹುಶಃ ಪುರಸಭೆಯೂ ಇಲ್ಲ, ಸಂಸಾರವೂ ಇಲ್ಲ. ಆದರೆ ಎಲ್ಲ ಪಟ್ಟಿಗಳೂ ಸಮ ಎಂಬುದು ಪೇಟಿಯೊಳಗಿನ ಸತ್ಯ. ಅದನ್ನು ತಂದು ಅಕ್ಕನ ಗಂಟಲಿಗೆ ಅಂಟಿಸಿದೆನಲ್ಲ, ಅದು ನನ್ನ ತಪ್ಪು. ಕರಿ ಐದೂ ಬಿಳಿ ನಾಲ್ಕೂ ಪೇಟಿಗೆ ಒಂದೇ. ಐವತ್ತು ವರ್ಷ ಬೆಳಗಿನ ಐದಕ್ಕೆದ್ದು ಸಾಧನೆ ಮಾಡಿದವಳಿಗೆ ಒಂದೇ ಅಲ್ಲ. ನಷ್ಟವಾದವರಿಗೆ 'ನಷ್ಟವೇ ಆಗಿಲ್ಲ' ಎಂದು ಹೇಳುವುದು ಸಮಾಧಾನವೆಂದು ನಾವು ತಿಳಿದಿರುತ್ತೇವೆ. ಅದು ಅವರ ಹತ್ತಿರ ಉಳಿದಿರುವ ದುಃಖವನ್ನೂ ಕಸಿದುಕೊಳ್ಳುವ ಕೆಲಸ.

ಹಾಗಾದರೆ ಸ್ಥಾನವೇ ಎಲ್ಲವೆ? ಕರಿ ಐದು ಹೋದರೆ ಹಾಡೂ ಹೋಯಿತೆ? ಅದೂ ಸರಿಯಲ್ಲವೆಂದು ತೋರಿಸಲು ಪೇಟಿಯೇ ಬೇಕಾಗುತ್ತದೆ. ಮನೆಯಲ್ಲಿ ಪೇಟಿಯಿದ್ದವರು ಬಿಳಿ ಪಟ್ಟಿಗಳನ್ನು ಮುಟ್ಟದೆ ಐದು ಕರಿ ಪಟ್ಟಿಗಳನ್ನು ಮಾತ್ರ ನುಡಿಸಿ ನೋಡಬೇಕು. ಕರಿ ಮೂರನ್ನು ಷಡ್ಜವೆಂದು ಬಗೆದರೆ ಬರುವುದು ಭೂಪದ ಸ್ವರಗಳು. ಅವೇ ಪಟ್ಟಿಗಳು, ಆದರೆ ಕರಿ ಐದು ಷಡ್ಜವೆಂದರೆ ಮಾಲಕಂಸದ ಸ್ವರಗಳು. ಕರಿ ಒಂದು ಷಡ್ಜವಾದರೆ ದುರ್ಗಾ. ಕರಿ ಎರಡಾದರೆ ಧಾನಿ. ಒಂದು ಸ್ವರವನ್ನೂ ಬದಲಿಸಿಲ್ಲ. ಎಲ್ಲಿ ನಿಂತು ನೋಡುತ್ತೇವೆಂಬುದಷ್ಟೇ ಬೇರೆ. ಸಂಜೆಯ ಹೊತ್ತು ಹಾಡುವ ಭೂಪವೇ ನಡುರಾತ್ರಿಯ ಮಾಲಕಂಸವಾಯಿತು. ಕರ್ನಾಟಕ ಪದ್ಧತಿಯವರು ಹನ್ನೆರಡು ಸ್ವರಸ್ಥಾನಗಳಿಗೆ ಹದಿನಾರು ಹೆಸರುಗಳನ್ನು ಇಟ್ಟಿರುವುದೂ ಇದೇ ವಿವೇಕದಿಂದ. ಅಲ್ಲಿ ಒಂದೇ ಸ್ಥಾನ ಒಮ್ಮೆ ಚತುಃಶ್ರುತಿ ಋಷಭ, ಇನ್ನೊಮ್ಮೆ ಶುದ್ಧ ಗಾಂಧಾರ. ನೆರೆಯಲ್ಲಿ ಯಾರಿದ್ದಾರೆಂಬುದರ ಮೇಲೆ ಹೆಸರು. ಸ್ಥಾನಗಳೆಲ್ಲ ಅವೇ ಇದ್ದರೂ ಹಾಡು ಬೇರೆಯಾಗಬಹುದು. ಸ್ಥಾನಗಳೆಲ್ಲ ಬೇರೆಯಾದರೂ ಹಾಡು ಅದೇ ಇರಬಹುದು. ಆದ್ದರಿಂದ 'ಅದೇ' ಎಂಬುದು ಸ್ಥಾನದಲ್ಲಿಯೇ ಇದೆ ಎನ್ನುವಂತಿಲ್ಲ. ಬರಿಯ ಪ್ರಮಾಣದಲ್ಲಿದೆ ಎನ್ನಲು ಅಕ್ಕ ಬಿಡುವುದಿಲ್ಲ.

ಅಕ್ಕನಿಗೆ ಒಂಬತ್ತು ವರ್ಷದ ಮೊಮ್ಮಗಳಿದ್ದಾಳೆ. ಹುಬ್ಬಳ್ಳಿಯ ವಿದ್ಯಾನಗರದಿಂದ ಭಾನುವಾರ ತಾಯಿಯೊಡನೆ ಚಿಗರಿ ಬಸ್ಸಿನಲ್ಲಿ ಬರುತ್ತಾಳೆ. ಒಂದು ಭಾನುವಾರ ಅಕ್ಕನ ಹಳೆಯ ಕ್ಯಾಸೆಟ್ಟೊಂದು ಅವಳ ಕೈಗೆ ಸಿಕ್ಕಿತು. ಮೂವತ್ತು ವರ್ಷದ ಹಿಂದೆ ಗಣಪತಿ ಹಬ್ಬದಲ್ಲಿ ಹಾಡಿದ ಭೂಪ. ಅವರಪ್ಪ ಅದನ್ನು ಫೋನಿಗೆ ಇಳಿಸಿಕೊಟ್ಟರು. ಈಗಿನ ಫೋನುಗಳಲ್ಲಿ ಹಾಡಿನ ಲಯ ಕೆಡಿಸದೆ ಶ್ರುತಿಯನ್ನು ಮಾತ್ರ ಏರಿಸುವ, ಇಳಿಸುವ ಸಾಧನವಿದೆ. ಅಜ್ಜಿಗೂ ತಮ್ಮ ಅಜ್ಜನಿಗೂ ನಡೆದ ವಾದವನ್ನು ಎಲ್ಲಿಯೋ ಕೇಳಿಸಿಕೊಂಡಿದ್ದ ಹುಡುಗಿ, ಹಾಡನ್ನು ಐದು ಪಟ್ಟಿ ಇಳಿಸಿ, 'ಅಜ್ಜಿ, ಇಲ್ಲಿ ಕೇಳು, ಇದು ನಿನ್ನ ಬಿಳಿ ನಾಲ್ಕು' ಎಂದು ಹಚ್ಚಿದಳು.

ಭರತಮುನಿ ಶ್ರುತಿಗಳನ್ನು ತೋರಿಸಲು ಎರಡು ವೀಣೆಗಳನ್ನು ತೆಗೆದುಕೊಂಡ ಕಥೆ ಓದುಗರಿಗೆ ತಿಳಿದಿರಬಹುದು. ಎರಡನ್ನೂ ಒಂದೇ ಸಮ ಕೂಡಿಸಿ, ಒಂದನ್ನು ಕದಲಿಸದೆ ಇಟ್ಟು, ಇನ್ನೊಂದನ್ನು ಸ್ವಲ್ಪ ಸ್ವಲ್ಪವೇ ಇಳಿಸುತ್ತ ಅಂತರವನ್ನು ಕೇಳಿಸಿದನಂತೆ. ನಮ್ಮ ಮನೆಯಲ್ಲಿ ಅಂಥದೇ ಪ್ರಯೋಗ ನಡೆಯಿತು. ಪ್ರಮಾಣಗಳೆಲ್ಲ ಸರಿಯಾಗಿದ್ದವು. ಒಂದು ಗಮಕವೂ ತಪ್ಪಿರಲಿಲ್ಲ. ನಾನು ಕಾಗದದ ಮೇಲೆ ಬರೆದುಕೊಟ್ಟದ್ದೇ ದನಿಯಾಗಿ ಬಂದಿತ್ತು. ಆದರೆ ಅದು ಯಾರ ದನಿಯೋ! ಕೊಡದೊಳಗೆ ಕೂತು ಯಾರೋ ಅಕ್ಕನನ್ನು ಅಣಕಿಸಿದ ಹಾಗೆ. ಹುಡುಗಿಯೇ ಮುಖ ಹುಳ್ಳಗೆ ಮಾಡಿಕೊಂಡಳು. ಅಕ್ಕ ಮಾತ್ರ ನಾಲ್ಕು ವರ್ಷಗಳ ನಂತರ ಮೊದಲ ಸಲ ಸಂಗೀತದ ವಿಷಯಕ್ಕೆ ನಕ್ಕಳು. 'ಬಂದ್ ಮಾಡವಾ ಅದನ್ನ. ಹಿಂಗ ಇರೂದಿಲ್ಲ ಅದು,' ಎಂದಳು. ಎಂದವಳೇ, ಹೇಗಿರುತ್ತದೆಂದು ತೋರಿಸಲು, ಅದೇ ಸಾಲನ್ನು ತನ್ನ ಈಗಿನ ದನಿಯಲ್ಲಿ ಹಾಡಿಬಿಟ್ಟಳು.

ಆ ದನಿ ಒಡೆದಿತ್ತು. ಅಂಚಿನಲ್ಲಿ ಗಾಳಿಯಿತ್ತು. ಹಳೆಯ ದನಿಗೂ ಅದಕ್ಕೂ ಮೇಳವೇ ಇಲ್ಲ. ಆದರೂ ಗಾಂಧಾರದ ಮೇಲೆ ಒಂದಿಷ್ಟು ತಡೆದು, ಅಳುಕಿದಂತೆ ಋಷಭಕ್ಕೆ ಇಳಿಯುವ ಆ ರೀತಿ ಇತ್ತಲ್ಲ, ಅದು ಅಕ್ಕನದೇ. ಪಕ್ಕದ ಕೋಣೆಯಲ್ಲಿದ್ದವರಿಗೂ ಗೊತ್ತಾಗುವಂತಿತ್ತು. ಯಂತ್ರ ಪ್ರಮಾಣವನ್ನೆಲ್ಲ ಉಳಿಸಿ ಅಕ್ಕನನ್ನು ಕಳೆದಿತ್ತು. ಅಕ್ಕ ಅಷ್ಟು ಕಳೆದುಕೊಂಡು, ಅಷ್ಟೇನೂ ಶುದ್ಧವಲ್ಲದ ಸ್ವರಗಳಲ್ಲಿ, ತಾನಾಗಿ ಉಳಿದಿದ್ದಳು. 'ಅದೇ' ಎಂಬುದು ತಾನಾಗಿ ಉಳಿಯುವ ವಸ್ತುವಲ್ಲ. ಯಾರೋ ಅದನ್ನು ಮತ್ತೆ ಹಿಡಿಯಬೇಕು, ಇನ್ನಾರೋ ಅದನ್ನು ಗುರುತಿಸಬೇಕು. ನನಗೆ ತಿಳಿದದ್ದು ಇಷ್ಟು. ಹೆಚ್ಚು ತಿಳಿದವರು ಹೆಚ್ಚು ಹೇಳಬಹುದು.

ಆ ಮುಂದಿನ ವಾರದಿಂದ ಹುಡುಗಿಗೆ ಪಾಠ ಶುರುವಾಯಿತು. ಇಲ್ಲಿ ಒಂದು ತೊಡಕು. ಮಗುವಿಗೆ ಬಿಳಿ ನಾಲ್ಕು ತೀರ ತಗ್ಗು. ಅವಳ ದನಿ ಸರಿಯಾಗಿ ಕೂಡುವುದು ಕರಿ ಐದಕ್ಕೆ. ಗುರುವಿನ ಷಡ್ಜ ಒಂದು, ಶಿಷ್ಯೆಯದು ಇನ್ನೊಂದು. ಅಕ್ಕ ಏನೂ ಹೇಳಲಿಲ್ಲ. ತನ್ನ ಹಳೆಯ ತಂಬೂರಿಯ ಗವಸು ತೆಗೆದು ಕರಿ ಐದಕ್ಕೇ ಕೂಡಿಸಿದಳು. ಭೂಪದ ಆರೋಹ. ಸಾ, ರಿ, ಗ, ಪ. ಅಲ್ಲಿಯವರೆಗೆ ಇಬ್ಬರೂ ಕೂಡಿ ಹಾಡಿದರು. ಪಂಚಮಕ್ಕೆ ಅಕ್ಕನ ದಾರಿ ಮುಗಿಯಿತು. ನಾನು ಕೂತಲ್ಲಿಯೇ ಉಸಿರು ಹಿಡಿದೆ. ಅಕ್ಕ ನಿಲ್ಲಲಿಲ್ಲ. ಧೈವತವನ್ನೂ ಷಡ್ಜವನ್ನೂ ಒಂದು ಸಪ್ತಕ ಕೆಳಗಿಳಿದು, ತನಗೆ ನಿಲುಕುವಲ್ಲಿ ಹಾಡಿದಳು. ಮಗು ಅವಳೊಡನೆ ಕೆಳಗೆ ಇಳಿಯಲಿಲ್ಲ. 'ಯಾವುದು ಹಾಡಲಿ' ಎಂದು ಕೇಳಲೂ ಇಲ್ಲ. ನೆಟ್ಟಗೆ ಮೇಲಿನ ಧೈವತಕ್ಕೆ, ಅಲ್ಲಿಂದ ತಾರ ಷಡ್ಜಕ್ಕೆ ಹೋಗಿ ನಿಂತಳು. ಶನಿವಾರದ ಭಜನೆಯಲ್ಲಿ ಅವಳು ಎಷ್ಟೋ ಸಲ ಕೂತಿದ್ದಾಳೆ. ಅಜ್ಜಂದಿರು ಕೆಳಗೆ ಹಾಡಿದ್ದನ್ನು ಮಕ್ಕಳು ಮೇಲೆ ಹಾಡಬೇಕೆಂಬುದನ್ನು ಅವಳಿಗೆ ಯಾರೂ ಹೇಳಿಕೊಟ್ಟಿರಲಿಲ್ಲ, ಎಲ್ಲರೂ ಕಲಿಸಿದ್ದರು.

ಅಕ್ಕ ಐವತ್ತು ವರ್ಷ ಹೋಗಿ ನಿಲ್ಲುತ್ತಿದ್ದ ಜಾಗ ಅದು. ಸ್ವಲ್ಪ ಹೊತ್ತು ಕಣ್ಣು ಮುಚ್ಚಿ ತಂತಿ ಮೀಟುತ್ತಿದ್ದಳು. ಆಮೇಲೆ 'ಮತ್ತೊಮ್ಮೆ' ಎಂದಳು.

ನಾನು ಹೊರಡುವಾಗ ಚಪ್ಪಲಿ ಮೆಟ್ಟಿಕೊಳ್ಳುತ್ತಿದ್ದೆ. ಅಕ್ಕ ಬಾಗಿಲಿಗೆ ಬಂದು, 'ತಮ್ಮಾ, ಕಾಕಾನ ದೊಡ್ಡ ತಂಬೂರಿ ನಿಮ್ಮನ್ಯಾಗ ಅಟ್ಟದ ಮ್ಯಾಲೆ ಅದ ಅಲ್ಲಾ?' ಎಂದು ಕೇಳಿದಳು.

'ಅದ. ತಂತಿ ತುಕ್ಕು ಹಿಡದಾವು.'

'ಮೀರಜಕ್ಕ ಹೋಗವ್ರು ಯಾರರ ಇದ್ರ ಹೇಳು. ದಪ್ಪ ತಂತಿ ತರಿಸು,' ಎಂದಳು. 'ಬಿಳಿ ನಾಲ್ಕಕ್ಕ.'